ಆ ಚಲಿಸುವ ಕೋಟೆಗೊಬ್ಬ ಲೇಖಕಿ ಇದ್ದಾರೆ

ಮಾನ್ಯ ಸಂಪಾದಕರೇ,

ಮಕ್ಕಳ ಜತೆ ಕೂತು ನೋಡಬಹುದಾದ ಸಿನಿಮಾಗಳ ಬಗ್ಗೆ ನಿಮ್ಮ ಪುರವಣಿಯಲ್ಲಿ ಬಂದ ಬರಹದಲ್ಲಿ ‘ಹೌಲ್ಸ್ ಮೂವಿಂಗ್ ಕ್ಯಾಸಲ್’ ಚಿತ್ರವನ್ನು ಜಪಾನಿನ ಜಾನಪದ ಕಥೆ ಆಧರಿಸಿದ್ದು ಎಂದು ಪರಿಚಯಿಸಲಾಗಿದೆ. ಅದು ತಪ್ಪು. ಹಯಾವೊ ಮಿಯಾಝಾಕಿ ನಿರ್ದೇಶನದ ಆ ಚಿತ್ರ ತೆರೆಗೆ ಬಂದದ್ದು 2004ರಲ್ಲಿ. ಅದಕ್ಕೆ 18 ವರ್ಷ ಮೊದಲು, 1986ರಲ್ಲಿ, ಅದೇ ಹೆಸರಿನ ಕಾದಂಬರಿ ಇಂಗ್ಲಿಷಿನಲ್ಲಿ ಅಚ್ಚಾಗಿತ್ತು. ಬರೆದವರು ಬ್ರಿಟನ್ನಿನ ಡಯಾನಾ ವಿನ್ ಜೋನ್ಸ್. ಹೆಸರು ಬಿಟ್ಟುಹೋದದ್ದಷ್ಟೇ ಆಗಿದ್ದರೆ ಎರಡು ಸಾಲಿನ ತಿದ್ದುಪಡಿ ಸಾಕಿತ್ತು. ಆದರೆ ಅದೇ ಬರಹ ಮಾಂತ್ರಿಕ ಕಥೆಗಳನ್ನು ‘ಏನು ಬೇಕಾದರೂ ಆಗಬಹುದಾದ ಲೋಕ’ ಎಂದೂ ಕರೆದಿದೆ. ಈ ಮಾತು ಡಯಾನಾ ಅವರ ನಲವತ್ತು ವರ್ಷಗಳ ಬರವಣಿಗೆಗೆ ಪೂರಾ ವಿರುದ್ಧವಾದದ್ದು. ಅವರ ಪುಸ್ತಕಗಳಲ್ಲಿ ಏನು ಬೇಕಾದರೂ ಆಗುವುದಿಲ್ಲ. ಅಲ್ಲಿ ಮಂತ್ರಕ್ಕೂ ಪೈಸೆ ಪೈಸೆಯ ಲೆಕ್ಕವಿದೆ.

ಕೋಟೆಯ ಬಾಗಿಲನ್ನೇ ನೋಡಿ. ಬಾಗಿಲ ಮೇಲೆ ಚೌಕನೆಯ ಮರದ ಗುಬುಟು, ಅದರ ನಾಲ್ಕು ಮುಖಕ್ಕೆ ನಾಲ್ಕು ಬಣ್ಣದ ಬೊಟ್ಟು. ಹಸಿರು ಕೆಳಗಿದ್ದರೆ ಬಾಗಿಲು ತೆರೆಯುವುದು ಬೆಟ್ಟದ ಬಯಲಿಗೆ, ನೀಲಿಯಾದರೆ ಬಂದರಿನ ಊರಿಗೆ, ಕೆಂಪಾದರೆ ರಾಜಧಾನಿಗೆ. ಕಪ್ಪು ಬಣ್ಣ ಎಲ್ಲಿಗೆ ಎಂಬುದು ಕೋಟೆಯ ಒಡೆಯ, ಮಾಂತ್ರಿಕ ಹೌಲ್‌ಗೆ ಮಾತ್ರ ಗೊತ್ತು. ಮೊದಲ ಅಧ್ಯಾಯಗಳಲ್ಲೇ ಇದನ್ನೆಲ್ಲ ಓದುಗರ ಕಣ್ಣಮುಂದೆ ಇಟ್ಟು ಲೇಖಕಿ ಸುಮ್ಮನಾಗುತ್ತಾರೆ. ಅರ್ಧ ಪುಸ್ತಕ ಕಳೆದ ಮೇಲೆ ಕಪ್ಪು ಬೊಟ್ಟು ಕೆಳಗೆ ಬರುತ್ತದೆ, ಬಾಗಿಲು ತೆರೆಯುತ್ತದೆ. ಅಲ್ಲಿರುವುದು ಪಿಶಾಚಿ ಲೋಕವಲ್ಲ, ನಮ್ಮದೇ ಕಾಲದ ವೇಲ್ಸ್. ಹುಡುಗನೊಬ್ಬ ಕಂಪ್ಯೂಟರ್ ಆಟದಲ್ಲಿ ಮುಳುಗಿರುತ್ತಾನೆ. ಎಲ್ಲರೂ ಹೆದರುವ ಆ ಮಾಂತ್ರಿಕನ ನಿಜ ಹೆಸರು ಹೋವೆಲ್ ಜೆಂಕಿನ್ಸ್. ಇಷ್ಟು ಓದಿಯೂ ಒಂದು ನೆಟ್ಟಗಿನ ಕೆಲಸ ಹಿಡಿಯಲಿಲ್ಲವಲ್ಲ ಎಂದು ಅವನ ಅಕ್ಕ ಬೈಯುತ್ತಾಳೆ. ಅವನನ್ನು ಬೆನ್ನತ್ತಿರುವ ಶಾಪ ಅಕ್ಕನ ಮಗನ ಹೋಂವರ್ಕ್ ಹಾಳೆಯಲ್ಲಿದ್ದ ಜಾನ್ ಡನ್ ಕವಿತೆ! ಸಿನಿಮಾ ಈ ವೇಲ್ಸನ್ನು ಪೂರ್ತಿ ಕೈಬಿಟ್ಟು, ಕಪ್ಪು ಬಾಗಿಲಿನ ಆಚೆ ಯುದ್ಧವನ್ನು ಇಟ್ಟಿತು. ಅದು ನಿರ್ದೇಶಕರ ಆಯ್ಕೆ, ಚಿತ್ರ ಸುಂದರವಾಗಿಯೇ ಇದೆ. ಆದರೆ ಚಿತ್ರ ನೋಡಿದ ಮಗುವಿಗೆ ಪುಸ್ತಕ ಕೊಟ್ಟರೆ ಅದು ಓದುವುದು ಬೇರೆಯದೇ ಕಥೆಯನ್ನು.

ನಾಯಕಿ ಸೋಫಿಯ ವಿಷಯದಲ್ಲೂ ಹೀಗೆಯೇ. ಟೋಪಿ ಅಂಗಡಿಯಲ್ಲಿ ಒಬ್ಬಳೇ ಕೂತು ಹೊಲಿಯುವಾಗ ಅವಳು ಟೋಪಿಗಳ ಜತೆ ಮಾತಾಡುತ್ತಾಳೆ. ನಿನ್ನದು ಬಂಗಾರದಂಥ ಮನಸ್ಸು, ದೊಡ್ಡ ಮನುಷ್ಯನೊಬ್ಬ ನಿನ್ನನ್ನು ಮೆಚ್ಚುತ್ತಾನೆ ಎಂದು ಒಂದಕ್ಕೆ ಹೇಳುತ್ತಾಳೆ. ಕೆಲವು ಪುಟ ಕಳೆದ ಮೇಲೆ, ಆ ಟೋಪಿ ಕೊಂಡ ಊರಿನವಳೊಬ್ಬಳು ಕೌಂಟ್ ಒಬ್ಬನ ಜತೆ ಓಡಿಹೋದಳೆಂಬ ಸುದ್ದಿ ಬರುತ್ತದೆ. ಎರಡನ್ನೂ ಜೋಡಿಸಿ, ಸೋಫಿಯ ಮಾತಿಗೆ ವಸ್ತುಗಳಲ್ಲಿ ಜೀವ ತುಂಬುವ ಶಕ್ತಿಯಿದೆ ಎಂದು ಲೇಖಕಿ ಅಲ್ಲಿ ಎಲ್ಲೂ ಬಿಡಿಸಿ ಹೇಳುವುದಿಲ್ಲ. ಸೋಫಿಗೇ ಅದು ಗೊತ್ತಿರುವುದಿಲ್ಲ. ಮಾಟಗಾತಿಯೊಬ್ಬಳು ಸೋಫಿಗೆ ಹಾಕಿದ, ಮುದುಕಿಯಾಗುವ ಶಾಪ ಏಕೆ ಬಿಡುತ್ತಿಲ್ಲ ಎಂಬ ಪ್ರಶ್ನೆಗೂ ಉತ್ತರ ಇಲ್ಲೇ ಇದೆ. ಹೌಲ್ ಗುಟ್ಟಾಗಿ ಅದನ್ನು ತೆಗೆಯಲು ನೋಡಿ ಸೋತಿರುತ್ತಾನೆ, ಸೋಫಿಗೇ ಆ ವೇಷ ಇಷ್ಟವಿರಬೇಕು ಅಂದುಕೊಳ್ಳುತ್ತಾನೆ. ಮುದುಕಿಯಾದ ಮೇಲಷ್ಟೇ ಅವಳಿಗೆ ಬಾಯಿಬಿಟ್ಟು ಮಾತಾಡುವ ಧೈರ್ಯ ಬಂದದ್ದು. ಮೂವರು ಮಕ್ಕಳಲ್ಲಿ ಹಿರಿಯರಾಗಿ ಹುಟ್ಟಿದವರಿಗೆ ಅದೃಷ್ಟವಿಲ್ಲ ಎಂದು ಅಲ್ಲಿಯವರೆಗೆ ಅವಳು ನಂಬಿಕೊಂಡಿರುತ್ತಾಳೆ.

ಡಯಾನಾ ಕೂಡ ಮೂವರು ಹೆಣ್ಣುಮಕ್ಕಳಲ್ಲಿ ಹಿರಿಯರು. 1934ರ ಆಗಸ್ಟ್ 16ರಂದು ಲಂಡನ್ನಿನಲ್ಲಿ ಹುಟ್ಟಿದರು. 1939ರಲ್ಲಿ ಯುದ್ಧ ಶುರುವಾದಾಗ ಮೊದಲು ವೇಲ್ಸಿನ ಅಜ್ಜನ ಮನೆಗೆ, ಆಮೇಲೆ ಲೇಕ್ ಡಿಸ್ಟ್ರಿಕ್ಟಿಗೆ ಸಾಗಿಸಲ್ಪಟ್ಟರು. ಆಗ ಕಾಗದಕ್ಕೆ ಬರ. ಆ ಮನೆಯ ಅಟ್ಟದಲ್ಲಿ ಒಳ್ಳೆಯ ದಪ್ಪ ಹಾಳೆಗಳು ಸಿಕ್ಕವು, ಅವುಗಳ ಮೇಲೆ ಹೂವಿನ ಚಿತ್ರಗಳಿದ್ದವು. ತಾನು ಬರೆಯಲು ಜಾಗ ಬೇಕಲ್ಲ, ರಬ್ಬರಿನಿಂದ ಉಜ್ಜಿ ಅಳಿಸತೊಡಗಿದರು. ಅವು ಹತ್ತೊಂಬತ್ತನೇ ಶತಮಾನದ ಹೆಸರಾಂತ ಕಲಾವಿಮರ್ಶಕ ಜಾನ್ ರಸ್ಕಿನ್ ಬರೆದ ಚಿತ್ರಗಳು. ಸಿಕ್ಕಿಬಿದ್ದು ಶಿಕ್ಷೆಯೂ ಆಯಿತು. ಅದೇ ಸೀಮೆಯಲ್ಲಿ ಮಕ್ಕಳ ಕಥೆಗಾರ ಆರ್ಥರ್ ರ‍್ಯಾನ್ಸಮ್ ಮಕ್ಕಳ ಗಲಾಟೆ ಬಗ್ಗೆ ದೂರು ಹೇಳಿದರು, ಗೇಟಿಗೆ ಜೋತುಬಿದ್ದು ತೂಗಾಡುತ್ತಿದ್ದ ತಂಗಿಗೆ ಬಿಯಾಟ್ರಿಕ್ಸ್ ಪಾಟರ್ ಏಟು ಕೊಟ್ಟರು. ಮಕ್ಕಳಿಗಾಗಿ ಬರೆಯುವ ದೊಡ್ಡವರಿಗೆ ಮಕ್ಕಳು ಇಷ್ಟವಾಗಲೇಬೇಕೆಂದಿಲ್ಲ ಎಂಬುದು ಡಯಾನಾಗೆ ಆ ವಯಸ್ಸಿನಲ್ಲೇ ತಿಳಿಯಿತು.

1943ರಲ್ಲಿ ಕುಟುಂಬ ಎಸೆಕ್ಸ್‌ನ ಥಾಕ್ಸ್‌ಟೆಡ್‌ಗೆ ಬಂತು. ತಂದೆತಾಯಿ ಅಲ್ಲಿ ಶಿಕ್ಷಣ ಸಮ್ಮೇಳನಗಳ ಕೇಂದ್ರ ನಡೆಸುತ್ತಿದ್ದರು. ಅತಿಥಿಗಳಿಗೆ ಕೋಣೆ ಬೇಕಿತ್ತು, ಹಾಗಾಗಿ ಮೂವರು ಹುಡುಗಿಯರನ್ನು ಅಂಗಳದ ಆಚೆಯ ಬೇರೊಂದು ಪುಟ್ಟ ಮನೆಗೆ ಹಾಕಿದರು. ಚಳಿ ಕಾಯಿಸುವ ವ್ಯವಸ್ಥೆಯಿಲ್ಲ, ನೆಲವೆಲ್ಲ ತೇವ. ಊಟಕ್ಕೆ ಕರೆಯುವುದೂ ಕೆಲವೊಮ್ಮೆ ಮರೆತುಹೋಗುತ್ತಿತ್ತು. ತಂದೆಯ ಜಿಪುಣತನ ಪುಸ್ತಕದ ವಿಷಯದಲ್ಲಿ ಎದ್ದು ಕಾಣುತ್ತಿತ್ತು. ರ‍್ಯಾನ್ಸಮ್ ಪುಸ್ತಕಗಳ ಪೂರ್ಣ ಸೆಟ್ ಕೊಂಡು ಕಪಾಟಿನಲ್ಲಿ ಬೀಗ ಹಾಕಿಟ್ಟು, ಕ್ರಿಸ್‌ಮಸ್‌ಗೆ ಒಂದರಂತೆ, ಮೂವರಿಗೂ ಸೇರಿ ಒಂದೇ ಪುಸ್ತಕ ಕೊಡುತ್ತಿದ್ದರು. ಆ ಸೆಟ್ ಮುಗಿಯುವ ಹೊತ್ತಿಗೆ ಡಯಾನಾ ವಿಶ್ವವಿದ್ಯಾಲಯ ಸೇರಿಯಾಗಿತ್ತು. ವರ್ಷಕ್ಕೊಂದು ಪುಸ್ತಕದಲ್ಲಿ ಯಾವ ಮಗುವಿಗೆ ತೃಪ್ತಿ? ಇಸೊಬೆಲ್ ಮತ್ತು ಉರ್ಸುಲಾಗೆ ಓದಿ ಹೇಳಲೆಂದೇ ಅಕ್ಕ ನೋಟ್‌ಬುಕ್‌ಗಳಲ್ಲಿ ಉದ್ದುದ್ದದ ಕಥೆ ಬರೆಯತೊಡಗಿದರು. ತಾನು ಲೇಖಕಿಯಾಗುತ್ತೇನೆ ಎಂದು ಎಂಟನೇ ವಯಸ್ಸಿಗೇ ಹೇಳಿದ್ದ ಈ ಹುಡುಗಿಗೆ ಓದಲು ಬರೆಯಲು ತೊಡಕಾಗುವ ಡಿಸ್ಲೆಕ್ಸಿಯಾ ಇತ್ತು. ಮನೆಯವರು ನಕ್ಕಿದ್ದರು.

ಆಕ್ಸ್‌ಫರ್ಡಿನ ಸೇಂಟ್ ಆ್ಯನ್ಸ್ ಕಾಲೇಜಿನಲ್ಲಿ 1953ರಿಂದ 1956ರವರೆಗೆ ಓದಿದರು. ನಾರ್ನಿಯಾ ಕಥೆಗಳ ಲೇಖಕ ಸಿ.ಎಸ್. ಲೂಯಿಸ್ ಉಪನ್ಯಾಸಕ್ಕೆ ಸಭಾಂಗಣ ತುಂಬಿರುತ್ತಿತ್ತು, ದನಿ ಮೂಲೆಮೂಲೆಗೂ ಕೇಳುತ್ತಿತ್ತು. ‘ದಿ ಲಾರ್ಡ್ ಆಫ್ ದಿ ರಿಂಗ್ಸ್’ ಬರೆದ ಟೋಲ್ಕಿನ್, ಕಥೆಯ ಕಟ್ಟಡದ ಬಗ್ಗೆ ಪಾಠ ಮಾಡುವಾಗ ಬೆನ್ನು ತಿರುಗಿಸಿ ಗೊಣಗುತ್ತಿದ್ದರು. ಹೆಚ್ಚಿನವರು ಬಿಟ್ಟು ಹೋದರೂ ಡಯಾನಾ ಬಿಡಲಿಲ್ಲ. ಒಬ್ಬ ಮನುಷ್ಯ ದಾರಿ ಹಿಡಿದು ಹೊರಟ ಎಂಬ ಸರಳ ಎಳೆ ಯಾಕಾಗಿ ಹೊರಟ ಎಂಬ ಪ್ರಶ್ನೆ ಸೇರಿದೊಡನೆ ಹೇಗೆ ಬೇರೆಯೇ ಕಥೆಯಾಗುತ್ತದೆ ಎಂಬ ಪಾಠ ಆ ಗೊಣಗಾಟದಿಂದಲೇ ಅವರಿಗೆ ಸಿಕ್ಕಿತು.

1956ರಲ್ಲಿ ಮದುವೆ, ಆಮೇಲೆ ಮೂವರು ಗಂಡುಮಕ್ಕಳು. ಮೊದಲ ಪುಸ್ತಕ ಬಂದದ್ದು 1970ರಲ್ಲಿ, ಅದೂ ದೊಡ್ಡವರಿಗಾಗಿ ಬರೆದ ಹಾಸ್ಯ ಕಾದಂಬರಿ. ಮಕ್ಕಳ ಮೊದಲ ಕಾದಂಬರಿ 1973ರಲ್ಲಿ. 1975 ಒಂದೇ ವರ್ಷದಲ್ಲಿ ಮೂರು ಪುಸ್ತಕ. 1977ರ ‘ಚಾರ್ಮ್ಡ್ ಲೈಫ್’ಗೆ ಮರುವರ್ಷ ಬ್ರಿಟನ್ನಿನ ಗಾರ್ಡಿಯನ್ ಪತ್ರಿಕೆಯ ಮಕ್ಕಳ ಸಾಹಿತ್ಯ ಪ್ರಶಸ್ತಿ ಬಂತು.

ಮಂತ್ರದ ಲೆಕ್ಕ ಎಂದೆನಲ್ಲ, ಅದಕ್ಕೆ ‘ಚಾರ್ಮ್ಡ್ ಲೈಫ್’ಗಿಂತ ಒಳ್ಳೆಯ ಉದಾಹರಣೆ ಬೇಡ. ಅಲ್ಲಿ ಒಂದಕ್ಕೊಂದು ಸಮಾನಾಂತರವಾದ ಒಂಬತ್ತು ಲೋಕಗಳು, ಪ್ರತಿ ಲೋಕದಲ್ಲೂ ಸಾಮಾನ್ಯವಾಗಿ ಅದೇ ಮನುಷ್ಯನ ಒಂದೊಂದು ಪ್ರತಿರೂಪ. ಎಲ್ಲೋ ಒಬ್ಬನಿಗೆ ಉಳಿದ ಎಂಟರಲ್ಲೂ ಪ್ರತಿರೂಪ ಹುಟ್ಟುವುದೇ ಇಲ್ಲ. ಆಗ ಆ ಎಂಟು ಜೀವವೂ ಅವನಲ್ಲೇ ಕೂಡಿ ಒಂಬತ್ತಾಗುತ್ತವೆ. ಪುಟ್ಟ ಹುಡುಗ ಕ್ಯಾಟ್ ಅಂಥವನು, ಅವನಿಗದು ತಿಳಿಯದು. ತಿಳಿದಿರುವುದು ಅಕ್ಕ ಗ್ವೆಂಡೊಲೆನ್‌ಗೆ. ತಮ್ಮನ ಜೀವಗಳನ್ನು ಅವಳು ಬೆಂಕಿಕಡ್ಡಿಗಳಿಗೆ ಕಟ್ಟಿಹಾಕಿ, ಅವನ ಶಕ್ತಿಯನ್ನು ತನ್ನ ಮಂತ್ರಗಳಿಗೆ ಬಳಸಿಕೊಂಡಿರುತ್ತಾಳೆ. ಅವನ ಒಂದು ಜೀವ, ಪಿಟೀಲಿನಿಂದ ಬೆಕ್ಕಾದ ಪ್ರಾಣಿಯೊಂದರಲ್ಲಿ ಓಡಾಡಿಕೊಂಡಿದೆ. ಕ್ಯಾಟ್ ಆ ಕಡ್ಡಿಗಳಲ್ಲೊಂದನ್ನು ಗೀರಿದಾಗ ಬೆಂಕಿ ಹತ್ತುವುದು ಅವನ ಮೈಗೇ. ಒಂಬತ್ತರಲ್ಲಿ ಯಾವುದು ಯಾವಾಗ, ಹೇಗೆ ಕಳೆಯಿತು ಎಂದು ಹಿಂದಕ್ಕೆ ತಿರುಗಿ ಎಣಿಸಿದರೆ ಲೆಕ್ಕ ತಾಳೆಯಾಗುತ್ತದೆ. ತಮ್ಮನ ಪ್ರೀತಿಯನ್ನು ಬಳಸಿಕೊಂಡು ಅವನನ್ನೇ ಸವೆಸುವ ಅಕ್ಕನನ್ನು ಇಷ್ಟು ನೇರವಾಗಿ ಮಕ್ಕಳ ಮುಂದಿಟ್ಟ ಧೈರ್ಯ ನನಗೆ ಇವತ್ತಿಗೂ ದೊಡ್ಡದಾಗಿ ಕಾಣುತ್ತದೆ. ಮನೆಯ ಕಷ್ಟವನ್ನು ಮರೆಸಲು ಅವರು ಮಂತ್ರ ತಂದವರಲ್ಲ. ಮನೆಯ ಕಷ್ಟಕ್ಕೆ ಒಂದು ಆಕಾರ ಕೊಡಲು ತಂದರು.

ಕೆಲಸದ ಕ್ರಮವನ್ನೂ ಹೇಳಬೇಕು. ಬರೆಯಲು ಕೂರುವಾಗ ಅವರ ಬಳಿ ಇರುತ್ತಿದ್ದದ್ದು ಮೂರೇ. ಕಥೆಯ ಆರಂಭ, ಹೆಚ್ಚುಕಡಿಮೆ ಹೀಗೆ ಮುಗಿಯಬಹುದೆಂಬ ಅಂದಾಜು, ನಡುವಿನ ಯಾವುದೋ ಒಂದು ದೃಶ್ಯದ ಚಿಕ್ಕ ಆದರೆ ತುಂಬಾ ಸ್ಪಷ್ಟವಾದ ಚಿತ್ರ. ಆರಂಭದಿಂದ ಆ ಚಿತ್ರಕ್ಕೆ ಹೇಗೆ ತಲುಪುವುದು ಎಂಬುದು ಬರೆಯುತ್ತಲೇ ಗೊತ್ತಾಗಬೇಕು. ಅಧ್ಯಾಯವಾರು ಟಿಪ್ಪಣಿ ಮಾಡಿಕೊಳ್ಳುವ ಅಭ್ಯಾಸವಿರಲಿಲ್ಲ. ಹೀಗೆ ಬರೆದರೆ ಕಥೆಗೆ ಜೀವ ಬರುತ್ತದೆ ನಿಜ, ಒಂದು ತೊಂದರೆಯೂ ಬರುತ್ತದೆ. ಬಿಚ್ಚಿಟ್ಟ ಎಳೆಗಳೆಲ್ಲ ಕೊನೆಯ ಕೆಲವೇ ಪುಟಗಳಲ್ಲಿ ಒಟ್ಟಿಗೆ ಬಂದು ಮುಗಿಬೀಳುತ್ತವೆ. ಡಯಾನಾ ಪುಸ್ತಕಗಳ ಅಂತ್ಯ ಗಡಿಬಿಡಿ ಎನ್ನುವವರ ಮಾತಿನಲ್ಲಿ ಹುರುಳಿದೆ. ಹಳೆಯ ಸ್ಕಾಟಿಷ್ ಲಾವಣಿಗಳ ಮೇಲೆ ಕಟ್ಟಿದ 1985ರ ‘ಫೈರ್ ಆ್ಯಂಡ್ ಹೆಮ್‌ಲಾಕ್’ನ ಕೊನೆಯನ್ನು ಎರಡು ಸಲ ಓದದೆ ಹಿಡಿಯುವುದು ಕಷ್ಟ.

1992ರಲ್ಲಿ ದೊಡ್ಡವರಿಗಾಗಿ ಮಾಂತ್ರಿಕ ಕಾದಂಬರಿ ಬರೆದಾಗ ಅವರು ಒಂದು ಸಂಗತಿ ಗಮನಿಸಿದರು. ದೊಡ್ಡವರಿಗೆ ಪ್ರತಿಯೊಂದನ್ನೂ ವಿವರಿಸಬೇಕು, ಮತ್ತೆ ನೆನಪಿಸಬೇಕು. ಮಕ್ಕಳಿಗೆ ಬೇಡ. ಏಕೆಂದರೆ ಮಕ್ಕಳು ಶಾಲೆಯಲ್ಲಿ ಗಂಟೆಗಂಟೆಗೂ ಹೊಸದನ್ನು ಶ್ರಮಪಟ್ಟು ಅರ್ಥಮಾಡಿಕೊಳ್ಳುವ ರೂಢಿಯಲ್ಲಿರುತ್ತಾರೆ. ಮಕ್ಕಳಿಗೆ ಬರೆಯುವವರೂ ಅನುವಾದಿಸುವವರೂ ಇದನ್ನು ಗೋಡೆಗೆ ಅಂಟಿಸಿಕೊಳ್ಳಬೇಕು. ಟೋಪಿಯ ಮಾತು ಬಂದಲ್ಲೇ ‘ಸೋಫಿಗೆ ಶಕ್ತಿಯಿತ್ತು’ ಎಂಬ ಒಂದು ಸಾಲನ್ನು ಅನುವಾದಕರು ಸೇರಿಸಿಬಿಟ್ಟರೆ ಸಾಕು, ಪುಸ್ತಕದ ಅರ್ಧ ಸುಖ ಅಲ್ಲೇ ಹೋಯಿತು.

1996ರ ‘ದಿ ಟಫ್ ಗೈಡ್ ಟು ಫ್ಯಾಂಟಸಿಲ್ಯಾಂಡ್’ ಕಾದಂಬರಿಯಲ್ಲ. ಮಾಂತ್ರಿಕ ಲೋಕಕ್ಕೆ ಹೊರಟ ಪ್ರವಾಸಿಗೆ ಅಕಾರಾದಿಯಾಗಿ ಬರೆದ ಕೈಪಿಡಿಯ ರೂಪದಲ್ಲಿದೆ. ಈ ಬಗೆಯ ಕಥೆ ಬರೆಯುವವರು ಎಡವುವ ಜಾಗಗಳನ್ನೆಲ್ಲ ಅದು ತೋರಿಸುತ್ತದೆ. ಅಲ್ಲಿನ ಕುದುರೆಗಳು ದಿನವಿಡೀ ನಾಗಾಲೋಟದಲ್ಲಿ ಓಡಿದರೂ ದಣಿಯವು, ಲಾಳ ಕಳಚದು. ರಾತ್ರಿ ಬೀಡುಬಿಟ್ಟಾಗಲೆಲ್ಲ ಊಟಕ್ಕೆ ಸ್ಟ್ಯೂ. ಸ್ಟ್ಯೂ ಬೇಯಲು ಗಂಟೆಗಟ್ಟಲೆ ಬೇಕು, ಪಾತ್ರೆಯ ಭಾರ ಬೇರೆ. ದಿನವೆಲ್ಲ ಕುದುರೆ ಏರಿ ಸುಸ್ತಾದವರಿಗೆ ಅದು ಆಗುವ ಕೆಲಸವೇ? ನಗಿಸುತ್ತಲೇ ಪುಸ್ತಕ ಕಲಿಸುವುದು ಇದನ್ನು: ಕುದುರೆಗೆ ಹುಲ್ಲು ಯಾರು ಹಾಕಿದರು ಎಂದು ಕೇಳಿಕೊಳ್ಳದ ಲೇಖಕರು ಕಟ್ಟಿದ ರಾಜ್ಯವನ್ನು ಓದುಗರು ನಂಬುವುದಿಲ್ಲ.

1997ರಲ್ಲಿ ಹ್ಯಾರಿ ಪಾಟರ್ ಬಂದ ಮೇಲೆ ಪ್ರಕಾಶಕರು ಇಂಥ ಕಥೆಗಳನ್ನು ಹುಡುಕತೊಡಗಿದರು, ಡಯಾನಾ ಅವರ ಹಳೆಯ ಪುಸ್ತಕಗಳಿಗೆ ಮರುಮುದ್ರಣದ ಭಾಗ್ಯ ಬಂತು. ಹಾಗಾಗಿ ಅವರನ್ನು ಹ್ಯಾರಿ ಪಾಟರ್‌ನ ನೆರಳು ಎಂದುಕೊಳ್ಳುವವರಿದ್ದಾರೆ. ಮಾಂತ್ರಿಕ ಶಕ್ತಿಯ ಮಕ್ಕಳಿರುವ ಶಾಲೆಯ ಕಥೆ ‘ವಿಚ್ ವೀಕ್’ 1982ರದು. ಇಸವಿ ನೋಡಿದರೆ ಸಾಕು. 2007ರಲ್ಲಿ ವರ್ಲ್ಡ್ ಫ್ಯಾಂಟಸಿ ಸಂಸ್ಥೆಯ ಜೀವಮಾನ ಸಾಧನೆಯ ಪ್ರಶಸ್ತಿ ಬಂತು. ಶ್ವಾಸಕೋಶದ ಕ್ಯಾನ್ಸರ್‌ನಿಂದ 2011ರ ಮಾರ್ಚ್ 26ರಂದು ತೀರಿಕೊಂಡರು, ಆಗ ವಯಸ್ಸು 76.

‘ದಿ ಐಲ್ಯಾಂಡ್ಸ್ ಆಫ್ ಚಾಲ್ಡಿಯಾ’ ಅರ್ಧಕ್ಕೆ ನಿಂತಿತ್ತು. ಟಿಪ್ಪಣಿ ಮಾಡದ ಅಭ್ಯಾಸದ ಕಷ್ಟ ಈಗ ಗೊತ್ತಾಯಿತು. ಮುಂದೇನು ಎಂಬುದಕ್ಕೆ ಒಂದು ಚೀಟಿಯೂ ಇರಲಿಲ್ಲ. ನಟಿಯೂ ಲೇಖಕಿಯೂ ಆದ ಕಿರಿಯ ತಂಗಿ ಉರ್ಸುಲಾ, ಬರೆದಿದ್ದ ಭಾಗವನ್ನೇ ಮತ್ತೆ ಮತ್ತೆ ಓದಿ, ಅಕ್ಕ ಎಲ್ಲೆಲ್ಲಿ ಸುಳಿವು ಬಿಟ್ಟಿದ್ದಾರೆಂದು ಹುಡುಕಿ, ಕಥೆ ಮುಗಿಸಿದರು. 2014ರಲ್ಲಿ ಪುಸ್ತಕ ಹೊರಬಂತು. ಥಾಕ್ಸ್‌ಟೆಡ್‌ನ ಆ ತಣ್ಣನೆಯ ಕೋಣೆಯಲ್ಲಿ ಅಕ್ಕನ ನೋಟ್‌ಬುಕ್ ಕಥೆ ಕೇಳುತ್ತಿದ್ದವರು ಇದೇ ಉರ್ಸುಲಾ.

ಪುರವಣಿ ನೋಡಿ ಪುಸ್ತಕ ಹುಡುಕುವ ಹೆತ್ತವರು ಇರಬಹುದು. ಒಂಬತ್ತು, ಹತ್ತು ವರ್ಷದ ಮಕ್ಕಳಿಗೆ ಮೊದಲು ‘ಚಾರ್ಮ್ಡ್ ಲೈಫ್’ ಕೊಡಿ, ಆಮೇಲೆ ‘ಹೌಲ್ಸ್ ಮೂವಿಂಗ್ ಕ್ಯಾಸಲ್’. ಗಟ್ಟಿಯಾಗಿ ಓದಿ ಹೇಳುವವರು ಟೋಪಿ, ಗುಬುಟು, ಬೆಂಕಿಕಡ್ಡಿ ಬಂದಾಗ ನಡುವೆ ನಿಲ್ಲಿಸಿ ವಿವರಿಸಬೇಡಿ. ‘ಫೈರ್ ಆ್ಯಂಡ್ ಹೆಮ್‌ಲಾಕ್’ ಹದಿನಾಲ್ಕರ ನಂತರ ಇರಲಿ. ‘ದಿ ಟೈಮ್ ಆಫ್ ದಿ ಘೋಸ್ಟ್’ ಕೂಡ ಆಗಲೇ, ಅದರಲ್ಲಿ ಹೆತ್ತವರು ಗಮನಿಸದ ಅಕ್ಕತಂಗಿಯರ ಬದುಕು ತೀರಾ ಹತ್ತಿರದಿಂದ ಬಂದಿದೆ.

‘ಹೌಲ್ಸ್ ಮೂವಿಂಗ್ ಕ್ಯಾಸಲ್’ ಪುಸ್ತಕದ ಮೊದಲ ಪುಟದಲ್ಲಿ ಲೇಖಕಿ ಒಬ್ಬ ಹುಡುಗನಿಗೆ ಕೃತಜ್ಞತೆ ಹೇಳಿದ್ದಾರೆ. ಅವರು ಭೇಟಿ ಕೊಟ್ಟ ಶಾಲೆಯೊಂದರಲ್ಲಿ, ಚಲಿಸುವ ಕೋಟೆಯ ಬಗ್ಗೆ ಪುಸ್ತಕ ಬರೆಯಿರಿ ಎಂದು ಕೇಳಿದವನು ಅವನು. ಅವನ ಹೆಸರು ಬರೆದುಕೊಂಡು ಎಲ್ಲೋ ಭದ್ರವಾಗಿ ಇಟ್ಟು, ಆಮೇಲೆ ಎಷ್ಟು ಹುಡುಕಿದರೂ ಸಿಗಲಿಲ್ಲವಂತೆ. ಹೆಸರು ಗೊತ್ತಿಲ್ಲದ ಹುಡುಗನನ್ನೂ ಬಿಡದೆ ನೆನೆದವರು ಅವರು. ಮುಂದಿನ ವಾರದ ಪುರವಣಿಯಲ್ಲಿ ಸಿನಿಮಾದ ಹೆಸರಿನ ಪಕ್ಕ ‘ಮೂಲ ಕಾದಂಬರಿ: ಡಯಾನಾ ವಿನ್ ಜೋನ್ಸ್, 1986’ ಎಂದು ದಯವಿಟ್ಟು ಅಚ್ಚು ಹಾಕಿಸಿ.

ಇಂತಿ,
ಮಕ್ಕಳ ಸಾಹಿತ್ಯದ ಓದುಗ