ಮಗಳಿಗೊಂದು ಪತ್ರ: ಸಿಇಟಿಗೆ ಮೊದಲು ಸರ್ಟಿಫಿಕೇಟು

ಪ್ರೀತಿಯ ಮಗಳೇ,

ದಸರಾ ರಜೆಗೆ ಊರಿಗೆ ಬಂದಾಗಲೇ ಕಾಗದಪತ್ರದ ಕೆಲಸ ಮುಗಿಸಿಬಿಡೋಣ. ಸಿಇಟಿ ಅರ್ಜಿಯಲ್ಲಿ ಕೇಳದ ಮೀಸಲಾತಿ ಆಮೇಲೆ ಸಿಗುತ್ತದೆಂದು ನಂಬಿ ಕೂರಬಾರದು. ಅರ್ಹತೆ ಇದ್ದೂ ಜನರಲ್ ಮೆರಿಟ್‌ನಲ್ಲಿ ನಿಲ್ಲಬೇಕಾದೀತು.

ನಮ್ಮದು ಹಿಂದುಳಿದ ವರ್ಗಗಳ ಪ್ರವರ್ಗ 2ಎ. ಅದಕ್ಕೆ ಬೇಕಾದ್ದು ತಹಶೀಲ್ದಾರರು ಕೊಡುವ ನಮೂನೆ-ಎಫ್, ಅಂದರೆ ಜಾತಿ ಮತ್ತು ಆದಾಯ ಪ್ರಮಾಣಪತ್ರ. (ಎಸ್‌ಸಿ, ಎಸ್‌ಟಿಗೆ ನಮೂನೆ-ಡಿ, ಪ್ರವರ್ಗ-1ಕ್ಕೆ ನಮೂನೆ-ಇ. ನಿನ್ನ ಗೆಳತಿಯರಿಗೂ ಹೇಳು.) ನಮೂನೆ-ಎಫ್‌ನ ಆಯಸ್ಸು ಐದೇ ವರ್ಷ. ನೀನು ಎಂಟನೇ ತರಗತಿಗೆ ಸೇರಿದಾಗ ಸ್ಕಾಲರ್‌ಶಿಪ್‌ಗೆಂದು ಮಾಡಿಸಿದ್ದು ಅರ್ಜಿ ಹಾಕುವ ದಿನ ಚಾಲ್ತಿಯಲ್ಲಿದ್ದರೂ ಸೀಟು ಹಂಚುವ ಕೌನ್ಸೆಲಿಂಗ್ ಹೊತ್ತಿಗೆ ಮುಗಿದಿರುತ್ತದೆ. ನಾಡಕಚೇರಿಯಲ್ಲಿ ಹೊಸದು ಮಾಡಿಸೋಣ. ಅರ್ಜಿಯ ಕಡೇ ವಾರದಲ್ಲಿ ಗ್ರಾಮ ಆಡಳಿತ ಅಧಿಕಾರಿಯ (ಹಿಂದಿನ ಗ್ರಾಮ ಲೆಕ್ಕಿಗರ) ವರದಿಗೇ ದಿನಗಟ್ಟಲೆ ಕಾಯಬೇಕಾಗುತ್ತದೆ.

ಕೈಗೆ ಬಂದ ಕೂಡಲೇ ಪ್ರಮಾಣಪತ್ರದ ಮೇಲಿನ ಆರ್‌ಡಿ ಸಂಖ್ಯೆ ನೋಡು: ಆರ್‌ಡಿ ಎಂಬ ಎರಡು ಅಕ್ಷರ, ಮುಂದೆ 13 ಅಂಕಿ. ಅರ್ಜಿಯಲ್ಲಿ ಈ ಸಂಖ್ಯೆ ಹಾಕಿಯೇ ತಾಳೆ ನೋಡುತ್ತಾರೆ. ಬರೀ ಆದಾಯ ಪ್ರಮಾಣಪತ್ರದ ಸಂಖ್ಯೆಯನ್ನೋ ಅಪ್ಪನ ಹೆಸರಿನದನ್ನೋ ಹಾಕಿದರೆ ನಿನ್ನ 2ಎ ದೃಢಪಡುವುದಿಲ್ಲ. ಹೆಸರು, ಇನಿಷಿಯಲ್ ಎಸ್‌ಎಸ್‌ಎಲ್‌ಸಿ ಅಂಕಪಟ್ಟಿಯಲ್ಲಿ ಇರುವಂತೆಯೇ ಇರಲಿ.

ಗ್ರಾಮೀಣ ಕೋಟಾಕ್ಕೆ ಒಂದರಿಂದ ಹತ್ತನೇ ತರಗತಿವರೆಗೆ ಹತ್ತು ವರ್ಷವೂ ಹಳ್ಳಿ ಶಾಲೆಯಲ್ಲೇ ಓದಿರಬೇಕು. ಒಂದು ವರ್ಷ ಪೇಟೆಯಲ್ಲಿ ಓದಿದ್ದರೂ ಅರ್ಹತೆ ಹೋಯಿತು. ಇದರ ಪ್ರಮಾಣಪತ್ರಕ್ಕೆ ಮುಖ್ಯ ಶಿಕ್ಷಕರ ಸಹಿ ಸಾಲದು, ಬಿಇಒ (ಕ್ಷೇತ್ರ ಶಿಕ್ಷಣಾಧಿಕಾರಿ) ಮೇಲುರುಜು ಬೇಕು. ನೀನು ಎರಡು ತಾಲ್ಲೂಕಿನಲ್ಲಿ ಓದಿದವಳು, ಆದ್ದರಿಂದ ಎರಡೂ ಬಿಇಒ ಕಚೇರಿಗೆ ಹೋಗಬೇಕು. ಮಾರ್ಚ್‌ನಲ್ಲಿ ಅವರು ಎಸ್‌ಎಸ್‌ಎಲ್‌ಸಿ ಪರೀಕ್ಷೆಯ ಗಡಿಬಿಡಿಯಲ್ಲಿರುತ್ತಾರೆ, ಏಪ್ರಿಲ್ ಎರಡನೇ ವಾರದಿಂದ ಶಾಲೆಗೇ ಬೀಗ. ಕನ್ನಡ ಮಾಧ್ಯಮದ ಪ್ರಮಾಣಪತ್ರಕ್ಕೂ ಇದೇ ಹತ್ತು ವರ್ಷ, ಇದೇ ಮೇಲುರುಜು. ಒಂದೇ ಓಡಾಟದಲ್ಲಿ ಎರಡನ್ನೂ ತರೋಣ.

ಜನ ಹೆಚ್ಚು ಎಡವುವುದು ಕೇಂದ್ರದ ಸೀಟುಗಳಲ್ಲಿ. ವೈದ್ಯಕೀಯ ಸೀಟಿನ ನೀಟ್‌ನ ಅಖಿಲ ಭಾರತ ಕೋಟಾಕ್ಕಾಗಲಿ, ಐಐಟಿ, ಎನ್‌ಐಟಿಗಾಗಲಿ ನಮ್ಮ ನಮೂನೆ-ಎಫ್ ನಡೆಯುವುದಿಲ್ಲ. ಅಲ್ಲಿ ಬೇಕಾದ್ದು ಕೇಂದ್ರದ ನಮೂನೆಯ ಒಬಿಸಿ ನಾನ್ ಕ್ರೀಮಿಲೇಯರ್ ಪ್ರಮಾಣಪತ್ರ, ಅಂದರೆ ಹಿಂದುಳಿದ ವರ್ಗದವರು, ಆದರೆ ಕೆನೆಪದರಕ್ಕೆ ಸೇರಿದವರಲ್ಲ ಎಂಬುದಕ್ಕೆ ದಾಖಲೆ. ರಾಜ್ಯದ ಪಟ್ಟಿಯಲ್ಲಿರುವ ಜಾತಿಗಳೆಲ್ಲ ಕೇಂದ್ರದ ಪಟ್ಟಿಯಲ್ಲಿ ಇಲ್ಲ, ಆದ್ದರಿಂದ ನಮ್ಮ ಜಾತಿಯ ಹೆಸರು ಅಲ್ಲಿದೆಯೇ ಎಂದು ಮೊದಲು ನೋಡಿಕೊಳ್ಳಬೇಕು. ಆಮೇಲೆ ದಿನಾಂಕ. ಸೀಟು ಪಡೆಯುವ ವರ್ಷದ ಏಪ್ರಿಲ್ 1ರ ನಂತರ ಕೊಟ್ಟದ್ದನ್ನೇ ಕೌನ್ಸೆಲಿಂಗ್‌ನಲ್ಲಿ ಕೇಳುತ್ತಾರೆ. ಆರ್ಥಿಕ ವರ್ಷ ಬದಲಾದರೆ ಆದಾಯದ ಲೆಕ್ಕವೂ ಬದಲಾಗುತ್ತದೆ ಎಂಬುದು ಕಾರಣ. ಮಾರ್ಚ್ 28ರದ್ದು ಎಷ್ಟೇ ಹೊಸದಾಗಿದ್ದರೂ ಹಳೆಯ ವರ್ಷದ್ದೇ. ಹಾಗಾಗಿ ನಮೂನೆ-ಎಫ್ ಈಗಲೇ ಮಾಡಿಸೋಣ, ಕೇಂದ್ರದ ಪ್ರಮಾಣಪತ್ರಕ್ಕೆ ಏಪ್ರಿಲ್ ಮೊದಲ ವಾರ ಅರ್ಜಿ ಹಾಕೋಣ. ಆ ವಾರ ನೀನು ಸಿಇಟಿಗೆ ಓದುತ್ತಿರುತ್ತೀಯ. ನಾಡಕಚೇರಿಗೆ ನಾನು ಹೋಗುತ್ತೇನೆ. ಆಧಾರ್, ಅಂಕಪಟ್ಟಿ, ಶಾಲೆಯ ಟಿಸಿ ಇವುಗಳ ಜೆರಾಕ್ಸ್ ಎರಡೆರಡು ಪ್ರತಿ ಈಗಲೇ ಕಳಿಸು.

ನಿನ್ನ,
ಅಮ್ಮ