ನಾನು ಸತ್ತರೆ ಬರುವ ಗ್ರಾಚ್ಯುಟಿಯನ್ನು ಬದುಕಿರುವಾಗಲೇ ಕೊಡಿಸಿ: ಶಾಸಕರಿಗೊಂದು ಬಹಿರಂಗ ಪತ್ರ

ನಮ್ಮ ಕ್ಷೇತ್ರದ ಮಾನ್ಯ ಶಾಸಕರಿಗೆ ನಮಸ್ಕಾರಗಳು.

ಮೂರು ಸಲ ನಿಮ್ಮ ಜನಸಂಪರ್ಕ ಸಭೆಗೆ ಬಂದು ಅರ್ಜಿ ಕೊಟ್ಟಿದ್ದೇನೆ. ಮೂರು ಸಲವೂ ನೀವು ಅದರ ಮೇಲೆ ‘ಪರಿಶೀಲಿಸಿ’ ಎಂದು ಬರೆದು ಪಕ್ಕದವರ ಕೈಗೆ ಕೊಟ್ಟಿರಿ. ಮೂವತ್ತೆರಡು ವರ್ಷ ಗುಮಾಸ್ತಿಕೆ ಮಾಡಿದವನು ನಾನು; ‘ಪರಿಶೀಲಿಸಿ’ ಎಂದು ಬರೆದ ಕಾಗದ ಎಲ್ಲಿಗೆ ಹೋಗಿ ಮಲಗುತ್ತದೆ ಎಂಬುದು ನನಗೆ ಗೊತ್ತು. ಅದಕ್ಕೇ ಈ ಸಲ ಎಲ್ಲರೂ ಓದುವಂತೆ ಬರೆಯುತ್ತಿದ್ದೇನೆ.

2018ರ ಮೇ 31ರಂದು ಪ್ರಥಮ ದರ್ಜೆ ಸಹಾಯಕನಾಗಿ ನಿವೃತ್ತನಾದೆ. ಹಾರ, ಶಾಲು, ಒಂದು ಗಂಧದ ಗಣಪತಿ ಅಂದೇ ಸಿಕ್ಕವು. ಸೇವೆಗೆ ಪ್ರತಿಯಾಗಿ ನಿವೃತ್ತಿಯಲ್ಲಿ ಬರಬೇಕಾದ ಇಡುಗಂಟು, ಅಂದರೆ ಗ್ರಾಚ್ಯುಟಿ, ಇಂದಿಗೂ ಸಿಕ್ಕಿಲ್ಲ. ಪಿಂಚಣಿಯ ಒಂದು ಪಾಲನ್ನು ಮುಂಗಡವಾಗಿ ಒಟ್ಟಿಗೆ ಪಡೆಯುವ ಕಮ್ಯುಟೇಶನ್ನೂ ಇಲ್ಲ. ತಿಂಗಳು ತಿಂಗಳು ಬರುವುದು ‘ತಾತ್ಕಾಲಿಕ ಪಿಂಚಣಿ’. ಕಾರಣ ನಿಮಗೆ ತಿಳಿದೇ ಇರುತ್ತದೆ: ಕರ್ನಾಟಕ ನಾಗರಿಕ ಸೇವಾ ನಿಯಮಗಳ 214-ಎ. ಇಲಾಖಾ ವಿಚಾರಣೆಯೋ ನ್ಯಾಯಾಲಯದ ಪ್ರಕರಣವೋ ಬಾಕಿಯಿದ್ದರೆ, ಅದು ಮುಗಿದು ಅಂತಿಮ ಆದೇಶವಾಗುವವರೆಗೆ ಗ್ರಾಚ್ಯುಟಿ ಕೊಡುವಂತಿಲ್ಲ. ಸೇವೆಯಲ್ಲಿದ್ದಾಗ ಬೇರೆಯವರ ಪಿಂಚಣಿ ಕಡತಗಳ ಮೇಲೆ ಈ ಸಂಖ್ಯೆಯನ್ನು ನಾನೇ ಬರೆದಿದ್ದೇನೆ. ಒಮ್ಮೆಯೂ ಕೈ ನಡುಗಿರಲಿಲ್ಲ.

ಅಂಥ ಘೋರ ಅಪರಾಧ ಏನು ಮಾಡಿದೆ? ಲಂಚ ತಿಂದೆನೇ? ಊರಿನ ತೋಟದ ಬದುವಿನ ಮೇಲೆ ದೊಡ್ಡಪ್ಪನ ಮಗ ನೆಟ್ಟಿದ್ದ ಎರಡು ತೆಂಗಿನ ಸಸಿ ಕಿತ್ತೆ. ಮಾತಿಗೆ ಮಾತು ಬೆಳೆಯಿತು. ಅವನು ನನ್ನ ಅಂಗಿ ಹಿಡಿದ, ನಾನು ಅವನದನ್ನು ಹಿಡಿದೆ. ನಿವೃತ್ತಿಗೆ ನಾಲ್ಕು ತಿಂಗಳಿರುವಾಗ ದೂರು ಬಿತ್ತು. ಆಗಿನ ಭಾರತೀಯ ದಂಡ ಸಂಹಿತೆಯ 323, 504, 506: ಹೊಡೆತ, ಅವಮಾನ, ಬೆದರಿಕೆ. ದೋಷಾರೋಪ ಪಟ್ಟಿ ಎಂದೂ ಕಾಣದ ಚುರುಕಿನಲ್ಲಿ ಏಪ್ರಿಲ್‌ನಲ್ಲೇ ನ್ಯಾಯಾಲಯ ಸೇರಿತು. ಅಲ್ಲಿಗೆ ಚುರುಕು ಮುಗಿಯಿತು. ಸಾಕ್ಷಿ ಬರಲಿಲ್ಲ, ನ್ಯಾಯಾಧೀಶರು ವರ್ಗವಾದರು, ಕೊರೊನಾ ಬಂತು, ತನಿಖಾಧಿಕಾರಿ ಬಂದೋಬಸ್ತಿಗೆ ಹೋದರು. ನನ್ನ ಡೈರಿಯಲ್ಲಿ ಅರವತ್ತೊಂದು ವಾಯಿದೆಗಳಿವೆ.

ರಾಜಿ ಮಾಡಿಕೊಳ್ಳಬಹುದಿತ್ತಲ್ಲ ಎನ್ನುತ್ತೀರಿ. ಹೋಗಿದ್ದೆ, ಎಲೆ ಅಡಿಕೆ ಹಿಡಿದೇ ಹೋಗಿದ್ದೆ. ಅವನು ಕೇಳಿದ್ದು ಬದುವಿನಿಂದ ಈಚೆಗೆ ನಾಲ್ಕು ಗುಂಟೆ. ‘ನಿನಗೆ ಬರಬೇಕಾದ ಲಕ್ಷಗಳ ಮುಂದೆ ಇದು ಯಾವ ಲೆಕ್ಕ’ ಎಂದು ನಕ್ಕ. ಸರ್ಕಾರ ನನ್ನ ಗ್ರಾಚ್ಯುಟಿಯನ್ನು ಯಾರ ಕೈಗೆ ಕೊಟ್ಟು ಕೂತಿದೆ ಎಂಬುದು ಆವತ್ತು ಅರ್ಥವಾಯಿತು.

ಮಗಳ ಮದುವೆ ನಿಶ್ಚಯವಾದಾಗ ಲಗ್ನಪತ್ರಿಕೆ ಹಿಡಿದು ನನ್ನ ಹಳೆಯ ಕಚೇರಿಗೂ ಹೋದೆ. ನಾನೇ ಕೆಲಸ ಕಲಿಸಿದ ಹುಡುಗ ಈಗ ನನ್ನ ಕುರ್ಚಿಯಲ್ಲಿದ್ದಾನೆ. ಕಾಫಿ ತರಿಸಿದ, ಕಡತ ತಿರುವಿದ, ಆಮೇಲೆ ದನಿ ತಗ್ಗಿಸಿ ಹೇಳಿದ: ‘ಸರ್, ತಪ್ಪು ತಿಳಿಯಬೇಡಿ. ನೀವು ತೀರಿಕೊಂಡರೆ ಕೇಸು ತಾನಾಗಿಯೇ ಮುಗಿಯುತ್ತದೆ. ಆಗ ಅಮ್ಮನವರಿಗೆ ಪೂರ್ತಿ ದುಡ್ಡು ಬರುತ್ತದೆ.’

ಹುಡುಗ ಕೆಟ್ಟವನಲ್ಲ. ಇದ್ದದ್ದನ್ನೇ ಹೇಳಿದ. ಆರೋಪಿ ಸತ್ತರೆ ವಿಚಾರಣೆ ಅಲ್ಲಿಗೇ ನಿಲ್ಲುತ್ತದೆ. ಕಾಫಿ ಮುಗಿಸಿ ಎದ್ದು ಬಂದೆ. ಮದುವೆಯನ್ನು ಸೊಸೈಟಿ ಸಾಲದಲ್ಲಿ, ಹೆಂಡತಿಯ ಎರಡೆಳೆ ಸರ ಅಡವಿಟ್ಟು ಮಾಡಿದೆ. ಸರ ಹರಾಜಾಯಿತು, ಸಾಲ ಉಳಿದಿದೆ. ಪ್ರತಿ ನವೆಂಬರ್‌ನಲ್ಲಿ ಬ್ಯಾಂಕಿಗೆ ಹೋಗಿ ‘ಬದುಕಿದ್ದೇನೆ’ ಎಂದು ಬೆರಳು ಒತ್ತುವಾಗ, ಮನೆಯವರಿಗೆ ನಷ್ಟ ಮಾಡುತ್ತಿದ್ದೇನೆ ಅನ್ನಿಸುತ್ತದೆ.

ನೀವು ನಾಮಪತ್ರದ ಜೊತೆ ಸಲ್ಲಿಸಿದ ಪ್ರಮಾಣಪತ್ರವನ್ನೂ ಓದಿದೆ. ಬಾಕಿ ಪ್ರಕರಣಗಳು ನಾಲ್ಕು. ಒಂದರಲ್ಲಿ ನನ್ನದೇ 506. ದೇವರು ನಿಮ್ಮನ್ನು ನಾಲ್ಕರಿಂದಲೂ ಪಾರು ಮಾಡಲಿ. ಆದರೆ ನಾಳೆ ನೀವು ಮಾಜಿಯಾದರೆ ನಿಮ್ಮ ಪಿಂಚಣಿಯ ಹಿಂದೆ ‘ತಾತ್ಕಾಲಿಕ’ ಎಂದು ಯಾವ ಗುಮಾಸ್ತನೂ ಬರೆಯುವುದಿಲ್ಲ.

ಪಿಂಚಣಿ ಎಂದರೆ ಸರ್ಕಾರ ಮನಸ್ಸು ಬಂದಾಗ ಹಾಕುವ ಭಿಕ್ಷೆಯಲ್ಲ ಎಂದು ನಕಾರಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದ್ದು 1982ರ ಡಿಸೆಂಬರ್ 17ರಂದು. ಆ ದಿನವನ್ನು ನಾವು ಪಿಂಚಣಿದಾರರ ದಿನವೆಂದು ಆಚರಿಸಿ ಉಪ್ಪಿಟ್ಟು ತಿಂದು ಬರುತ್ತೇವೆ. 2013ರಲ್ಲಿ ಜಾರ್ಖಂಡ್‌ನ ನೌಕರರೊಬ್ಬರ ಪ್ರಕರಣದಲ್ಲಿ, ಗ್ರಾಚ್ಯುಟಿಯೂ ಪಿಂಚಣಿಯೂ ನೌಕರನ ಆಸ್ತಿ, ನಿಯಮದ ಬಲವಿಲ್ಲದೆ ತಡೆಯುವಂತಿಲ್ಲ ಎಂದಿತು. ವಕೀಲರು ಇದನ್ನು ತೋರಿಸಿದಾಗ ಹಿಗ್ಗಿದೆ. ‘ಹಿಗ್ಗಬೇಡಿ, ಅಲ್ಲಿ ನಿಯಮವಿರಲಿಲ್ಲ, ನಮ್ಮಲ್ಲಿದೆ’ ಎಂದರು. ನಿಯಮ ಬದಲಿಸಿ ಎಂದು ಎದ್ದು ನಿಂತು ಕೇಳುವ ಜಾಗಕ್ಕೆ ನಾವು ಕಳಿಸಿರುವುದು ನಿಮ್ಮನ್ನು.

ಲಂಚ ತಿಂದವನ, ಸರ್ಕಾರದ ಹಣ ನುಂಗಿದವನ ಗ್ರಾಚ್ಯುಟಿ ಹಿಡಿಯಿರಿ, ನನ್ನ ತಕರಾರಿಲ್ಲ. ಕಚೇರಿಗೆ ಸಂಬಂಧವೇ ಇಲ್ಲದ ಮನೆಜಗಳ, ಬದುಜಗಳಗಳಿಗೆ ಹಿಡಿಯಬೇಡಿ. ಮುಚ್ಚಳಿಕೆ ಬರೆಸಿಕೊಂಡು ಕೊಡಿ. ಘೋರ ತಪ್ಪು ಸಾಬೀತಾದರೆ ಪಿಂಚಣಿಯನ್ನೇ ತಡೆಯಲು ನಿಯಮ 214 ಇದ್ದೇ ಇದೆ. ಮತ್ತೆ ಹೇಳುತ್ತೇನೆ: ಇಂಥ ಪ್ರಕರಣಗಳಿಗೆ ಗ್ರಾಚ್ಯುಟಿ ಹಿಡಿಯಬೇಡಿ. ಮುಂದಿನ ಅಧಿವೇಶನದಲ್ಲಿ ಇದೊಂದು ಪ್ರಶ್ನೆ ಕೇಳಿ. ಲಿಖಿತ ಉತ್ತರವಷ್ಟೇ ಸಿಗುವ ಚುಕ್ಕೆ ಗುರುತಿಲ್ಲದ ಪ್ರಶ್ನೆಯಾದರೂ ಸಾಕು.

ಈ ಪತ್ರದ ಮೇಲೆ ಮಾತ್ರ ದಯವಿಟ್ಟು ‘ಪರಿಶೀಲಿಸಿ’ ಎಂದು ಬರೆಯಬೇಡಿ.

ಇಂತಿ,
ನಿಮ್ಮ ಕ್ಷೇತ್ರದ ಮತದಾರ,
ತಾತ್ಕಾಲಿಕ ಪಿಂಚಣಿದಾರ