ಮೊದಲ ಬೆಂಚಿನಲ್ಲಿ ಕೂರೋದು ಹೇಗೆ?

ಚಿಕ್ಕಮಗಳೂರು
ಭಾನುವಾರ ರಾತ್ರಿ

ಪುಟ್ಟಿ,

ಬೆಳಿಗ್ಗೆ ನೀನು ಮಾತು ಮುಗಿಸುವ ಮೊದಲೇ ನಾನು ಫೋನ್ ಇಟ್ಟುಬಿಟ್ಟೆ. ಚರ್ಚಿನಲ್ಲಿ ಎರಡನೇ ಪೂಜೆಗೆ ಹೊತ್ತಾಗಿತ್ತು ಅನ್ನೋದು ಅರ್ಧ ನಿಜ. "ನನ್ನ ಮದುವೆ ದಿನ ನೀವು ಕೀಬೋರ್ಡ್ ಮುಟ್ಟಬೇಡಿ ಅಪ್ಪಾ, ಹಾಡೋರನ್ನ ಬೆಂಗಳೂರಿಂದ ಕರೆಸ್ತೀನಿ" ಅಂದೆಯಲ್ಲ, ಮಿಕ್ಕರ್ಧ ಅದು. ಬೇಜಾರು ಮಾಡಿಕೊಳ್ಳಬೇಡ.

ಮೊದಲು ಆ ಹಾಡೋರ ವಿಷಯ. ನೀನು ಕಳಿಸಿದ ವಿಡಿಯೊ ನೋಡಿದೆ. ಚೆನ್ನಾಗಿ ಹಾಡುತ್ತಾರೆ, ಇಲ್ಲ ಅನ್ನುವುದಿಲ್ಲ. ಗಿಟಾರ್ ಹುಡುಗನ ಕೈ ಒಳ್ಳೆಯದು. ಆದರೆ ಅದರಲ್ಲಿ ಜನ ಹಾಡಿದ್ದು ಎಲ್ಲೂ ಕೇಳಿಸಲಿಲ್ಲ. ಎಲ್ಲರೂ ಮೊಬೈಲ್ ಎತ್ತಿಕೊಂಡು ಸುಮ್ನೆ ನಿಂತಿದ್ದಾರೆ. ನಿನ್ನ ಅಜ್ಜನ ಕಾಲದಲ್ಲಿ ಪೂಜೆ ಲ್ಯಾಟಿನ್‌ನಲ್ಲಿತ್ತು. 1963ರ ಡಿಸೆಂಬರಿನಲ್ಲಿ, ರೋಮಿನಲ್ಲಿ ಬಿಷಪರೆಲ್ಲ ಸೇರಿದ್ದ ವ್ಯಾಟಿಕನ್ ಮಹಾಸಭೆ ಜನರ ಭಾಷೆಗೆ ದಾರಿ ಬಿಟ್ಟಿತು. ನಮ್ಮ ಚಿಕ್ಕಮಗಳೂರು ತನ್ನದೇ ಬಿಷಪ್ ಇರುವ ಧರ್ಮಕ್ಷೇತ್ರ ಆಗಿದ್ದೂ ಅದೇ ವರ್ಷ. 1967ರಲ್ಲಿ ಸಂಗೀತಕ್ಕೆಂದೇ ರೋಮಿನಿಂದ ಇನ್ನೊಂದು ಕಟ್ಟಳೆ ಬಂತು. ಹಾಡುವುದರಲ್ಲಿ ಮೊದಲ ಜಾಗವನ್ನು ಅದು ಕೊಟ್ಟಿರೋದು ಸೊಲೊ ಹಾಡಿಗಲ್ಲ, ಗುರುಗಳು ಹಾಡಿದ್ದಕ್ಕೆ ಜನ ಹಾಡಿ ಕೊಡುವ ಉತ್ತರಕ್ಕೆ.

ನೋಡು, ಪಾಠ ಶುರುವಾಯಿತು. ಶುರುವಾದ ಮೇಲೆ ಇನ್ನೊಂದು ಹೇಳಿಬಿಡುತ್ತೇನೆ. ಪೂಜೆಯಲ್ಲಿ ಹಾಡುವ ಬೈಬಲ್ ಕೀರ್ತನೆಯ ಪಲ್ಲವಿ ಜನರದ್ದು. ಅದನ್ನು ಎತ್ತರದ ಶ್ರುತಿಯಲ್ಲಿ ಹಿಡಿದರೆ ಎಸ್ಟೇಟಿನ ಕೂಲಿ ಲೈನಿನಿಂದ ನಡೆದು ಬರುವ ಅಜ್ಜಿಯರು ಬಾಯಿ ಮುಚ್ಚಿಕೊಳ್ಳುತ್ತಾರೆ. ಮೇಲಿನ ಡಿ ಸ್ವರ ದಾಟುವ ಹಾಡನ್ನು ನಾನು ಎರಡು ಮನೆ ಇಳಿಸಿಯೇ ನುಡಿಸುವುದು. ತಮಿಳಿನವರು, ಕೊಂಕಣಿಯವರು, ಕನ್ನಡದವರು ಎಲ್ಲ ಸೇರುವ ಚರ್ಚು. ಕಾಣಿಕೆ ಹಾಡಿಗೆ ಒಂದು ಭಾಷೆ, ಪರಮಪ್ರಸಾದದ, ಅಂದರೆ ಪವಿತ್ರ ರೊಟ್ಟಿ ಹಂಚುವಾಗಿನ ಹಾಡಿಗೆ ಇನ್ನೊಂದು ಅಂತ ಹಂಚಿ ಹಂಚಿಯೇ ಇಷ್ಟು ವರ್ಷ ಜಗಳ ತಪ್ಪಿಸಿದ್ದು. ಇದನ್ನೆಲ್ಲ ಆ ಹುಡುಗರಿಗೆ ಯಾರು ಹೇಳಬೇಕು?

ಇದೆಲ್ಲ ಸರಿ. ಆದರೆ ಅಸಲು ವಿಷಯ ಬೇರೆ. ನನಗೆ ಮೊದಲ ಬೆಂಚಿನಲ್ಲಿ ಕೂತು ಅಭ್ಯಾಸವಿಲ್ಲ.

ಬಲಿಪೀಠ ಕಾಣಲಿ ಅಂತ ಕೀಬೋರ್ಡ್ ಸ್ಟ್ಯಾಂಡಿಗೆ ಸ್ಕೂಟರ್ ಕನ್ನಡಿ ಕಟ್ಟಿದ್ದೇನಲ್ಲ, ಈ ಊರಿನ ಮದುವೆ, ಸಾವು, ಜ್ಞಾನಸ್ನಾನ ಎಲ್ಲವನ್ನೂ ನಾನು ನೋಡಿರೋದು ಅದರಲ್ಲೇ. ನಿನ್ನ ಮೊದಲ ಪರಮಪ್ರಸಾದವನ್ನೂ ಅದರಲ್ಲೇ ನೋಡಿದೆ. ಬಿಳಿ ಫ್ರಾಕು ಹೆಬ್ಬೆರಳಿನಷ್ಟು ಕಂಡಿತ್ತು. ಅಮ್ಮನ ದಿನವನ್ನೂ... ಅದು ಬೇಡ ಬಿಡು, ನಿನಗೂ ಗೊತ್ತು.

ಮದುಮಗಳ ಅಪ್ಪಂದಿರನ್ನು ಅದರಲ್ಲಿ ಎಷ್ಟು ನೋಡಿದ್ದೇನೋ. ಎಲ್ಲರೂ ಬೇಗ ಬೇಗ ನಡೆಯುತ್ತಾರೆ. ಹೆದರಿಕೆ. ಪ್ರವೇಶ ಗೀತೆಯ ಮೊದಲ ಚರಣ ಮುಗಿಯುವುದರೊಳಗೆ ಮುಂದೆ ಬಂದು ನಿಂತಿರುತ್ತಾರೆ. ಆಗ ನಾನು ಪಲ್ಲವಿಗೇ ಮುಗಿಸಿಬಿಡಬೇಕು. ಒಬ್ಬೊಬ್ಬರು ನಡುದಾರಿಯಲ್ಲಿ ನಿಂತು ಕಣ್ಣೊರೆಸಿಕೊಳ್ಳುತ್ತಾರೆ, ಆಗ ಇನ್ನೊಂದು ಚರಣ ಎಳೆಯಬೇಕು. ಮಗಳ ಕೈ ಬಿಟ್ಟ ಮೇಲಂತೂ ಎಲ್ಲಿಗೆ ಹೋಗಬೇಕು ತಿಳಿಯದೆ ಅತ್ತ ಇತ್ತ ನೋಡುತ್ತಾರೆ. ನಾನು ಕನ್ನಡಿ ನೋಡಿ ನಗುತ್ತಿದ್ದೆ. ಅವರು ಬೆಂಚಿಗೆ ಹೋಗಿ ಕೂತ ಮೇಲೆ ಏನು ಮಾಡುತ್ತಾರೆ ಅಂತ ಮಾತ್ರ ಯಾವತ್ತೂ ನೋಡಲಿಲ್ಲ. ಅಷ್ಟು ಹೊತ್ತಿಗೆ ಮುಂದಿನ ಹಾಡಿನ ಪುಟ ತಿರುಗಿಸುತ್ತಿರುತ್ತೇನೆ.

ಕೈ ಎಲ್ಲಿಟ್ಟುಕೊಳ್ಳುತ್ತಾರೆ ಅವರು? ಅಲ್ಲೆಲೂಯ ಹಾಡುವಾಗ ತಾಳ ಓಡಿದರೆ ನಾನು ಸುಮ್ನೆ ಕೂತಿರಬೇಕಾ? ಎದ್ದು ಹೋಗಿಬಿಟ್ಟರೆ? ಇವತ್ತು ಪೂಜೆ ಮುಗಿದು ಎಲ್ಲರೂ ಹೋದ ಮೇಲೆ ಆ ಬೆಂಚಿನಲ್ಲಿ ಹೋಗಿ ಕೂತು ನೋಡಿದೆ. ಬಾಗಿಲು ಹಾಕಲು ಬಂದ ಉಪದೇಶಿಯವರು, "ಏನ್ ಮೇಷ್ಟ್ರೇ, ಹುಷಾರಿಲ್ವಾ?" ಅಂದರು.

ಊರವರ ಮದುವೆಯಲ್ಲಿ ನುಡಿಸಿ ಸಿಕ್ಕ ಕವರುಗಳಲ್ಲೇ ನಿನ್ನ ಕಾಲೇಜ್ ಫೀಸಿನ ಒಂದು ಪಾಲು ಕಟ್ಟಿದ್ದು. ಇದನ್ನು ಋಣ ಅಂತ ಹೇಳುತ್ತಿಲ್ಲ. ನಿನ್ನ ಮದುವೆಗೆ ಕವರಿಲ್ಲದೆ ನುಡಿಸಬೇಕು ಅಂತ ಒಂದು ಆಸೆ ಇತ್ತು, ಅಷ್ಟೇ.

ಇನ್ನೊಂದು ಮಾತು. ಅಲ್ಲಿ ನೀನು ಯಾವ ಗಾಯನ ವೃಂದಕ್ಕೂ ಹೋಗುತ್ತಿಲ್ಲವಂತೆ, ಅತ್ತೆ ಹೇಳಿದಳು. ಈಸ್ಟರ್ ಹಿಂದಿನ ರಾತ್ರಿಯ ಪಾಸ್ಖ ಜಾಗರಣೆಯಲ್ಲಿ ಕರೆಂಟು ಹೋಗಿ ಕೀಬೋರ್ಡ್ ಸತ್ತಾಗ, ಶ್ರುತಿ ಒಂದಿಷ್ಟೂ ಇಳಿಯದೆ ಕೀರ್ತನೆ ಮುಗಿಸಿದವಳು ನೀನು. ಅವತ್ತು ಫಾದರ್ ತಿರುಗಿ ನನ್ನ ಮುಖ ನೋಡಿದರು. ನಾನು ಪುಸ್ತಕ ನೋಡಿದೆ. ಆ ಗಂಟಲನ್ನು ಹೀಗೆ ಖಾಲಿ ಬಿಡೋದಾ? ಕೆಲಸ ಜಾಸ್ತಿ ಅಂತೀಯ. ಇಲ್ಲಿ ಡಿಸೆಂಬರಿನಲ್ಲಿ ಇಡೀ ದಿನ ಕಾಫಿ ಹಣ್ಣು ಕುಯ್ದು ಬಂದವರು ರಾತ್ರಿ ಕ್ರಿಸ್ಮಸ್ ಹಾಡಿನ ಅಭ್ಯಾಸಕ್ಕೆ ನಿಲ್ಲುತ್ತಾರೆ. ಮತ್ತೆ ಪಾಠವಾಯಿತು, ಇರಲಿ.

ಹೀಗೆ ಮಾಡೋಣ. ಅವರು ಬರಲಿ. ಕೀರ್ತನೆ, ಅಲ್ಲೆಲೂಯ, ಆಮೆನ್ ಮಾತ್ರ ನಮ್ಮ ಜನಕ್ಕೆ ಬರುವ ರಾಗದಲ್ಲೇ ಇರಲಿ. ಸ್ಕೇಲ್ ಬರೆದು ಜೆರಾಕ್ಸ್ ಕಳಿಸುತ್ತೇನೆ. ಪರಮಪ್ರಸಾದ ಆದ ಮೇಲೆ ಅವರಿಗಿಷ್ಟದ ಒಂದು ಹಾಡು ಹಾಡಿಕೊಳ್ಳಲಿ, ಸಿನಿಮಾದ್ದು ಬೇಡ, ಫಾದರಿಗೆ ಮೊದಲೇ ತೋರಿಸಬೇಕು. ಆ ಗಿಟಾರ್ ಹುಡುಗನ ನಂಬರ್ ಕಳಿಸು. ಪ್ರವೇಶ ಗೀತೆಗೆ ಒಂದು ಚರಣ ಜಾಸ್ತಿ ಕಲಿತಿರಲು ಹೇಳಬೇಕು.

ಇಂತಿ,
ಅಪ್ಪ